ನನ್ನ ಡಿಪಿಯಲ್ಲಿರುವ ಟೋಪಿಯವರು ಯಾರು?

ನನ್ನ ವಾಟ್ಸಾಪ್ ಡಿಪಿ ನಾಲ್ಕು ವರ್ಷದಿಂದ ಬದಲಾಗಿಲ್ಲ. ಕಪ್ಪು ಬಿಳುಪು ಫೋಟೋ. ತೆಳ್ಳಗಿನ ಮನುಷ್ಯ, ಇಸ್ತ್ರಿ ಮುರಿಯದ ಕಪ್ಪು ಸೂಟು, ಟೋಪಿ, ಟೋಪಿಯ ಕೆಳಗೆ ಒತ್ತಿ ಬಾಚಿದ ಕೂದಲು. ಮುಖದಲ್ಲಿ ನಗು ಇಲ್ಲ, ಅಳುವೂ ಇಲ್ಲ. ಕೊನೇ ಬಸ್ಸು ಹೋಗಿಯಾಗಿದೆ ಅಂತ ಗೊತ್ತಿದ್ದೂ ಸ್ಟಾಪಿನಲ್ಲೇ ನಿಂತವರ ಮುಖ ಇರುತ್ತದಲ್ಲ, ಹಾಗೆ.

ಹೊಸದಾಗಿ ನಂಬರ್ ಸೇವ್ ಮಾಡಿಕೊಂಡವರೆಲ್ಲ ಕೇಳುತ್ತಾರೆ. "ಇದು ಯಾರು ಮಾರಾಯ?" ಸಿನಿಮಾ ಹುಚ್ಚಿರುವವರು "ಬಸ್ಟರ್ ಕೀಟನ್ ಅಲ್ವಾ?" ಅನ್ನುತ್ತಾರೆ, ಅಮೆರಿಕದ ಮೂಕಿ ಸಿನಿಮಾಗಳ ಆ ನಗದ ಮುಖದ ಹಾಸ್ಯನಟ. ನಮ್ಮ ದೊಡ್ಡಪ್ಪ ಒಂದು ಸಲ "ಯಾರೋ ಇದು, ನಿಮ್ಮ ಆಫೀಸಿನ ಸಾಹೇಬರಾ?" ಅಂತ ಕೇಳಿದ್ದರು. ಅಲ್ಲ ದೊಡ್ಡಪ್ಪ, ಇವರು ಪಿಯೆರ್ ಎತೆಕ್ಸ್, ಫ್ರಾನ್ಸಿನವರು, ಹಾಸ್ಯನಟರು, ಅವರ ಸಿನಿಮಾಗಳನ್ನು ಅವರೇ ನಿರ್ದೇಶಿಸುತ್ತಿದ್ದರು, 1963ರಲ್ಲಿ ಅವರ ಒಂದು ಕಿರುಚಿತ್ರಕ್ಕೆ ಆಸ್ಕರ್ ಬಂದಿದೆ ಅಂದೆ.

ಅಲ್ಲಿಗೆ ಮುಗಿಯಬೇಕಲ್ಲ. ಮುಗಿಯುವುದಿಲ್ಲ. ಎರಡನೇ ಪ್ರಶ್ನೆ ಬಂದೇ ಬರುತ್ತದೆ, ದೊಡ್ಡಪ್ಪನಿಂದಲೂ ಬಂತು. "ಆಸ್ಕರ್ ಬಂದಿದೆ ಅಂತೀಯ, ಹಾಗಾದ್ರೆ ನಾವ್ಯಾಕೆ ಹೆಸರೇ ಕೇಳಿಲ್ಲ?"

ಇದಕ್ಕೆ ನಿಂತ ಕಾಲಲ್ಲಿ ಕೊಡುವ ಉತ್ತರ ಒಂದಿದೆ. ಹಕ್ಕಿನ ಜಗಳದಲ್ಲಿ ಸಿಕ್ಕಿಹಾಕಿಕೊಂಡು ಅವರ ಸಿನಿಮಾಗಳು ಸುಮಾರು ಇಪ್ಪತ್ತು ವರ್ಷ ಯಾರಿಗೂ ನೋಡಲು ಸಿಗಲಿಲ್ಲ. ಸುಳ್ಳಲ್ಲ. ಆದರೆ ಅರ್ಧ ಉತ್ತರ. ಆ ಬೀಗ ಬೀಳುವುದಕ್ಕೆ ಎಷ್ಟೋ ವರ್ಷ ಮೊದಲೇ ಅವರು ಸಿನಿಮಾ ಕಡೆಯಿಂದ ಎದ್ದು ಹೋಗಿಯಾಗಿತ್ತು. ಎದ್ದು ಎಲ್ಲಿಗೆ ಹೋದರು ಅನ್ನುವುದೇ ಉಳಿದರ್ಧ. ಅದನ್ನು ಚಾಟ್‌ನಲ್ಲಿ ಟೈಪ್ ಮಾಡಿ ಮಾಡಿ ಸಾಕಾಗಿದೆ. ಇನ್ನು ಮೇಲೆ ಕೇಳಿದವರಿಗೆ ಇದರ ಲಿಂಕ್ ಕಳಿಸುತ್ತೇನೆ.

ಎತೆಕ್ಸ್ ಹುಟ್ಟಿದ್ದು 1928ರ ನವೆಂಬರಿನಲ್ಲಿ, ರೊವಾನ್ ಎಂಬ ಊರಿನಲ್ಲಿ. ಸಣ್ಣವರಿದ್ದಾಗಲೇ ಸರ್ಕಸ್ ನೋಡಿ ಬಫೂನ್ ಆಗುವ ಆಸೆ ಹತ್ತಿಸಿಕೊಂಡವರು. ಕಲಿತದ್ದು ಮಾತ್ರ ಚಿತ್ರ ಬರೆಯುವುದನ್ನು, ಜೊತೆಗೆ ಬಣ್ಣದ ಗಾಜಿನ ಕೆಲಸ. ಚರ್ಚುಗಳ ಕಿಟಕಿಯಲ್ಲಿ ನೋಡುತ್ತೇವಲ್ಲ, ತುಂಡು ತುಂಡು ಗಾಜು ಜೋಡಿಸಿ ಚಿತ್ರ ಮಾಡುವುದು, ಅದು. ಆಮೇಲೆ ಪ್ಯಾರಿಸಿಗೆ ಬಂದರು. ಪತ್ರಿಕೆಗಳಿಗೆ ಚಿತ್ರ ಬರೆದು ಹೊಟ್ಟೆ ಹೊರೆಯುತ್ತಿದ್ದರು, ರಾತ್ರಿ ಕ್ಯಾಬರೆಗಳಲ್ಲಿ ಆಟ ಕಟ್ಟುತ್ತಿದ್ದರು. ನಮ್ಮಲ್ಲಿ ಕ್ಯಾಬರೆ ಅಂದ ಕೂಡಲೇ ಹಳೇ ಸಿನಿಮಾದ ಡ್ಯಾನ್ಸ್ ನೆನಪಾಗುತ್ತದೆ. ಅಲ್ಲಿ ಹಾಗಲ್ಲ, ಸಣ್ಣ ವೇದಿಕೆ, ಹಾಡುವವರು, ಜಾದೂ ಮಾಡುವವರು, ನಗಿಸುವವರು ಒಬ್ಬರಾದ ಮೇಲೆ ಒಬ್ಬರು ಬಂದು ಹೋಗುವ ಜಾಗ. ಇವರು ಅಲ್ಲಿ ಮಾತಿಲ್ಲದೆ ನಗಿಸುತ್ತಿದ್ದರು. ಸರ್ಕಸ್ಸಿನಲ್ಲೂ ನಿನೋ ಎಂಬ ಬಫೂನ್ ಜೊತೆ ಕೆಲಸ ಮಾಡಿದ್ದಾರೆ.

1954ರಲ್ಲಿ ಅವರು ಜಾಕ್ ತಾತಿ ಎಂಬ ಹಾಸ್ಯನಟ, ನಿರ್ದೇಶಕರ ಹತ್ತಿರ ಹೋಗಿ ಸೇರಿಕೊಂಡರು. ತಾತಿ ಹೆಸರು ನಮ್ಮ ಫಿಲಂ ಸೊಸೈಟಿಯವರಿಗೆ ಗೊತ್ತಿರುತ್ತದೆ. ಉದ್ದನೆಯ ಮಳೆಕೋಟು, ಬಾಯಲ್ಲಿ ಪೈಪು, ಮುಂದಕ್ಕೆ ವಾಲಿದ ನಡಿಗೆಯ ಉಲೋ ಎಂಬ ಪಾತ್ರ ಕಟ್ಟಿದವರು. ತಾತಿ ಆಗ 'ಮೋನ್ ಓಂಕ್ಲ್' ಸಿನಿಮಾದ ತಯಾರಿಯಲ್ಲಿದ್ದರು. ಈ ಹೆಸರನ್ನು ಇಂಗ್ಲಿಷಿನವರು ಅಂಕಲ್ ಅಂದು ಸುಮ್ಮನಾಗಬೇಕು. ನಮಗೆ ಆ ಕಷ್ಟವಿಲ್ಲ. ಉಲೋ ಆ ಸಿನಿಮಾದಲ್ಲಿರುವ ಪುಟ್ಟ ಹುಡುಗನ ತಾಯಿಯ ಅಣ್ಣತಮ್ಮ, ಅಂದರೆ ಸೋದರಮಾವ. ಇರಲಿ. ನಾಲ್ಕು ವರ್ಷ ಎತೆಕ್ಸ್ ಆ ಸಿನಿಮಾಕ್ಕೆ ಸಹಾಯಕರಾಗಿ ದುಡಿದರು. ದೃಶ್ಯಗಳನ್ನು ಬರೆದು ತೋರಿಸುವುದು, ಗ್ಯಾಗ್ ಯೋಚಿಸುವುದು, ಅಂದರೆ ಮಾತಿನ ಹಂಗಿಲ್ಲದೆ ನಗಿಸುವ ಸಣ್ಣ ಸಣ್ಣ ಘಟನೆಗಳನ್ನು ಹೊಸೆಯುವುದು, ಇದೇ ಕೆಲಸ. 1958ರಲ್ಲಿ ಸಿನಿಮಾ ಬಂದಾಗ ಅದರ ಪೋಸ್ಟರ್ ಬರೆದವರೂ ಇವರೇ. ಆ ಪೋಸ್ಟರನ್ನು ನೀವು ಎಲ್ಲೋ ನೋಡಿಯೇ ಇರುತ್ತೀರಿ. ಬರೆದವರ ಹೆಸರು ನೋಡಿರುವುದಿಲ್ಲ.

ಇಲ್ಲೇ ಒಂದು ತೊಂದರೆ ಶುರುವಾಯಿತು ಅಂತ ನನ್ನ ಅನಿಸಿಕೆ. ಜೀವನವಿಡೀ ಎತೆಕ್ಸ್ ಅಂದರೆ "ತಾತಿಯ ಶಿಷ್ಯ" ಅನ್ನುವ ಚೀಟಿ ಅಂಟಿಕೊಂಡುಬಿಟ್ಟಿತು. ದೊಡ್ಡ ಮರದ ಕೆಳಗೆ ನಿಂತವರಿಗೆ ನೆರಳು ಸಿಗುತ್ತದೆ, ಬಿಸಿಲು ಸಿಗುವುದಿಲ್ಲ. ನಿಜಕ್ಕೂ ಇಬ್ಬರ ದಾರಿ ಬೇರೆ ಬೇರೆ. ತಾತಿ ಕ್ಯಾಮೆರಾವನ್ನು ದೂರ ಇಡುತ್ತಾರೆ. ತೆರೆ ತುಂಬ ಜನ, ಮೂಲೆಯಲ್ಲೆಲ್ಲೋ ಒಂದು ತಮಾಷೆ, ಕಂಡರೆ ಕಂಡಿತು ಇಲ್ಲದಿದ್ದರೆ ಇಲ್ಲ. ಎತೆಕ್ಸ್ ಹಾಗಲ್ಲ. ನಿಮ್ಮ ಕಣ್ಣನ್ನು ಕೈಹಿಡಿದು ಒಂದು ಕಡೆ ಕರೆದುಕೊಂಡು ಹೋಗಿ, ನೀವು "ಓ, ಇದು ಹೀಗೆ" ಅಂದುಕೊಳ್ಳುವಷ್ಟರಲ್ಲಿ ಚಾಪೆ ಎಳೆಯುತ್ತಾರೆ. ಜಾದೂಗಾರರ ಬುದ್ಧಿ ಅದು. ಇನ್ನೊಂದು, ಉಲೋಗೆ ಪ್ರೀತಿ ಪ್ರೇಮದ ಗೊಡವೆ ಇಲ್ಲ. ಎತೆಕ್ಸ್‌ನ ಮನುಷ್ಯ ಯಾವಾಗಲೂ ಯಾರ ಮೇಲಾದರೂ ಮನಸ್ಸಿಟ್ಟು ಪೇಚಾಡುತ್ತಿರುತ್ತಾನೆ. ಹಾಗೆ ನೋಡಿದರೆ ಇವರು ಕೀಟನ್‌ಗೆ, ಅವನಿಗಿಂತ ಮೊದಲಿನ ಫ್ರಾನ್ಸಿನವನೇ ಆದ ಮ್ಯಾಕ್ಸ್ ಲಿಂಡರ್‌ಗೆ ಹತ್ತಿರ. ಡಿಪಿ ನೋಡಿ ಕೀಟನ್ ಅಂದವರು ಪೂರ್ತಿ ತಪ್ಪಿಲ್ಲ.

ತಾತಿ ಸಹವಾಸದಿಂದ ಅವರಿಗೆ ಸಿಕ್ಕ ದೊಡ್ಡ ಲಾಭ ಒಬ್ಬ ಗೆಳೆಯ. ತಾತಿಯ ಸಿನಿಮಾಗಳನ್ನು ಕಾದಂಬರಿ ರೂಪದಲ್ಲಿ ಬರೆಯಲು ಜಾಂ ಕ್ಲೋದ್ ಕಾರಿಯೇರ್ ಎಂಬ ಹುಡುಗನಿಗೆ ಹೇಳಿದ್ದರು. ಆ ಪುಸ್ತಕಗಳಿಗೆ ಚಿತ್ರ ಬರೆದದ್ದು ಎತೆಕ್ಸ್. ಇಬ್ಬರಿಗೂ ಬಿತ್ತು ಗಂಟು. ಕಾರಿಯೇರ್ ಯಾರು ಅಂತ ಗೊತ್ತಾಗಲಿಲ್ಲವಾ? ಪೀಟರ್ ಬ್ರೂಕ್ 1985ರಲ್ಲಿ ಒಂಬತ್ತು ಗಂಟೆಯ 'ಮಹಾಭಾರತ' ನಾಟಕ ಮಾಡಿಸಿದರಲ್ಲ, ಆಮೇಲೆ ಸಿನಿಮಾ ಆಯಿತು, ಮಲ್ಲಿಕಾ ಸಾರಾಭಾಯಿ ದ್ರೌಪದಿ, ನಮ್ಮಲ್ಲೂ ಅದರ ಬಗ್ಗೆ ಪರ ವಿರೋಧ ಸಾಕಷ್ಟು ಮಾತಾಯಿತು. ಅದನ್ನು ಬರೆದವರು ಇದೇ ಕಾರಿಯೇರ್. ಸ್ಪೇನಿನ ದೊಡ್ಡ ನಿರ್ದೇಶಕ ಬುನುಯೆಲ್‌ಗೆ ಸಾಲು ಸಾಲು ಚಿತ್ರಕಥೆ ಬರೆದವರೂ ಇವರೇ. ಅಂಥವರು ಸಿನಿಮಾಕ್ಕೆ ಬರೆಯಲು ಶುರು ಮಾಡಿದ್ದು ಎತೆಕ್ಸ್ ಜೊತೆ ಕೂತು, ಪೆನ್ನು ಮಾತು ಕೇಳದಿದ್ದರೆ ಏನಾಗಬಹುದು, ಕಾರು ನಿಲ್ಲಿಸಲು ಜಾಗ ಸಿಗದಿದ್ದರೆ ಏನಾಗಬಹುದು ಅಂತ ಯೋಚಿಸಿ. ಇದು ನನಗೆ ಯಾವಾಗಲೂ ಖುಷಿ ಕೊಡುವ ಸಂಗತಿ.

ಪೆನ್ನು ಮಾತು ಕೇಳದ ಕಥೆ 1961ರ 'ರುಪ್ತ್ಯೂರ್'. ಒಬ್ಬನಿಗೆ ಪ್ರೇಯಸಿಯಿಂದ ಕಾಗದ ಬರುತ್ತದೆ. ಒಳಗೆ ಅವನದೇ ಹರಿದ ಫೋಟೋ. ಅಲ್ಲಿಗೆ ಎಲ್ಲ ಮುಗಿಯಿತು ಅಂತ ಅರ್ಥ. ಇವನು ಉತ್ತರ ಬರೆಯಲು ಕೂರುತ್ತಾನೆ. ಪೆನ್ನು, ಮಸಿ, ಕಾಗದ, ಸ್ಟ್ಯಾಂಪು, ಮೇಜು, ಎಲ್ಲವೂ ತಿರುಗಿಬೀಳುತ್ತವೆ. ಮನಸ್ಸು ಮುರಿದವನಿಗೆ ಒಂದು ಸ್ಟ್ಯಾಂಪ್ ಅಂಟಿಸಲೂ ಆಗುವುದಿಲ್ಲ, ಅಷ್ಟೇ ಕಥೆ. ಅಷ್ಟರಲ್ಲೇ ನಗಿಸಿ ನಗಿಸಿ ಕೊನೆಯಲ್ಲಿ ಎದೆ ಧಸಕ್ ಅನ್ನಿಸುತ್ತಾರೆ.

ಕಾರು ನಿಲ್ಲಿಸಲು ಜಾಗ ಸಿಗದ ಕಥೆಯೇ ಆಸ್ಕರ್ ಬಂದದ್ದು. 'ಓರೋ ಆನಿವೆರ್ಸೇರ್', 1962. ಮದುವೆಯ ವಾರ್ಷಿಕೋತ್ಸವ, ಹೆಂಡತಿ ಮೇಜು ಸಿಂಗರಿಸಿ ಕಾಯುತ್ತಿದ್ದಾಳೆ. ಗಂಡ ಉಡುಗೊರೆ, ಹೂವು ತೆಗೆದುಕೊಂಡು ಮನೆಗೆ ಬರಬೇಕು. ನಡುವೆ ಪ್ಯಾರಿಸ್ಸಿನ ಟ್ರಾಫಿಕ್. ಇದನ್ನು ಬೆಂಗಳೂರಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಅದರಲ್ಲಿ ಒಬ್ಬ ಪಾಪದವನಿದ್ದಾನೆ. ಕ್ಷೌರದಂಗಡಿಯಲ್ಲಿ ಮುಖಕ್ಕೆ ನೊರೆ ಹಚ್ಚಿಸಿಕೊಂಡು ಕೂತಿರುತ್ತಾನೆ, ಅವನ ಕಾರು ಅಡ್ಡ ನಿಂತಿದೆ ಅಂತ ಎಬ್ಬಿಸುತ್ತಾರೆ, ನೊರೆ ಮುಖದಲ್ಲೇ ಹೋಗಿ ಕಾರು ತೆಗೆಯುತ್ತಾನೆ, ಆಮೇಲೆ ಮತ್ತೆ ನಿಲ್ಲಿಸಲು ಜಾಗವೇ ಸಿಗದೆ ಸುತ್ತುತ್ತಲೇ ಇರುತ್ತಾನೆ.

ನಾನು ಇದನ್ನು ಅಮ್ಮನಿಗೆ ತೋರಿಸಿದ್ದೆ. ಅಮ್ಮ ಕಪ್ಪು ಬಿಳುಪು ಅಂದರೆ ರಾಜ್‌ಕುಮಾರ್ ಇರಬೇಕು ಅನ್ನುವವರು. ಹೂರಣ ರುಬ್ಬುವುದನ್ನು ಬಿಟ್ಟು ಬಾ ಅಂತ ಕರೆದದ್ದಕ್ಕೆ ಗೊಣಗುತ್ತಲೇ ಬಂದು ಸೋಫಾದ ಅಂಚಿನಲ್ಲಿ ಕೂತರು. ಹದಿನೈದು ನಿಮಿಷವೂ ಇಲ್ಲದ ಸಿನಿಮಾ. ಗಂಡ ಬರುವುದು ತಡವಾದ ಹಾಗೆ ಹೆಂಡತಿ ಒಂದೊಂದೇ ತುತ್ತು ತಿನ್ನುತ್ತಾ, ಒಂದೊಂದೇ ಗುಟುಕು ಕುಡಿಯುತ್ತಾ, ಕಡೆಗೆ ಅವನು ಬಾಗಿಲು ತೆರೆಯುವ ಹೊತ್ತಿಗೆ ಊಟವೂ ಖಾಲಿ, ಬಾಟಲಿಯೂ ಖಾಲಿ, ಅವಳು ಮಲಗಿಬಿಟ್ಟಿದ್ದಾಳೆ. "ಅಯ್ಯೋ, ಅವಳೇ ಎಲ್ಲಾ ತಿಂದುಬಿಟ್ಟಳಲ್ಲೋ" ಅಂತ ಅಮ್ಮ ನಕ್ಕರು. ಸ್ವಲ್ಪ ಹೊತ್ತಿನ ಮೇಲೆ ಅಡುಗೆಮನೆಯಿಂದ ಕೂಗಿ ಹೇಳಿದರು, "ತಪ್ಪೇನಿಲ್ಲ ಬಿಡು, ಎಷ್ಟು ಹೊತ್ತು ಅಂತ ಕಾಯ್ತಾಳೆ." ಎರಡೂ ಸರಿಯಾದ ವಿಮರ್ಶೆ ಅಂತ ನನಗನಿಸಿತು.

ಆಮೇಲೆ ಪೂರ್ಣ ಪ್ರಮಾಣದ ಸಿನಿಮಾಗಳು ಬಂದವು. ಮೊದಲನೆಯದು 'ಲ ಸೂಪಿರಾಂ'. ಗ್ರಹ ನಕ್ಷತ್ರಗಳ ಪುಸ್ತಕದಲ್ಲಿ ಮುಳುಗಿದ ಹುಡುಗನಿಗೆ ಅಪ್ಪ ಅಮ್ಮ ಮದುವೆ ಮಾಡಿಕೋ ಅನ್ನುತ್ತಾರೆ. ಸರಿ ಅಂತ ಹೊರಟು ಮನೆಯಲ್ಲೇ ಇರುವ ಸ್ವೀಡನ್ ಹುಡುಗಿಯನ್ನು ಮೊದಲು ಕೇಳುತ್ತಾನೆ. ಅವಳಿಗೆ ಫ್ರೆಂಚ್ ಬರುವುದಿಲ್ಲ. ಆಮೇಲೆ ಊರೆಲ್ಲ ಹೆಣ್ಣು ಹುಡುಕಿ, ಟೀವಿಯಲ್ಲಿ ಹಾಡುವವಳ ಹಿಂದೆ ಹುಚ್ಚನ ಹಾಗೆ ಬಿದ್ದು, ಅವಳಿಗೆ ಬೆಳೆದ ಮಗನಿದ್ದಾನೆ ಅಂತ ಗೊತ್ತಾಗಿ ಬೆಪ್ಪಾಗುತ್ತಾನೆ. ಮನೆಯ ಹುಡುಗಿ ಅಷ್ಟರಲ್ಲಿ ಅವನಿಗಾಗಿ ಫ್ರೆಂಚ್ ಕಲಿತಿರುತ್ತಾಳೆ. ನಮ್ಮ ಯಾವ ಸಿನಿಮಾದಲ್ಲಾದರೂ ನಡೆಯಬಹುದಾದ ಕಥೆ, ಅಲ್ವಾ. ಅದಕ್ಕೆ ಫ್ರಾನ್ಸಿನ ದೊಡ್ಡ ಪ್ರಶಸ್ತಿಗಳಲ್ಲೊಂದಾದ ಲೂಯಿ ದೆಲ್ಯೂಕ್ ಪ್ರಶಸ್ತಿ ಬಂತು.

ಆದರೆ ಅವರ ಸಿನಿಮಾ ಅಂದರೆ ನನಗೆ 1965ರ 'ಯೋಯೋ'. ಉಳಿದದ್ದೆಲ್ಲ ಆಮೇಲೆ.

ಕಥೆ ಶುರುವಾಗುವುದು 1925ರಲ್ಲಿ. ಒಂದು ದೊಡ್ಡ ಬಂಗಲೆ, ಕೋಟೆಯಂಥದ್ದು. ಒಬ್ಬ ಶ್ರೀಮಂತ, ಸುತ್ತ ಆಳುಗಳು, ಮಾಡಲು ಏನೂ ಕೆಲಸವಿಲ್ಲ. ಹಳೇ ಪ್ರೇಯಸಿಯ ಫೋಟೋ ತೆಗೆದು ನೋಡುವುದು, ಇಡುವುದು, ಅಷ್ಟೇ. ಈ ಭಾಗ ಪೂರ್ತಿ ಮೂಕಿ ಚಿತ್ರದ ಹಾಗೆ. ಮಾತಿಲ್ಲ, ನಡುನಡುವೆ ಬರಹದ ಪಟ್ಟಿ. ಆದರೆ ಸದ್ದು ಇದೆ. ಬಾಗಿಲು ಕಿರ್ರ್ ಅನ್ನುತ್ತದೆ, ಬೂಟು ಸದ್ದು ಮಾಡುತ್ತದೆ. ಅಷ್ಟು ದೊಡ್ಡ ಮನೆಯಲ್ಲಿ ಮಾತಾಡಲು ಒಬ್ಬರೂ ಇಲ್ಲ ಅನ್ನುವುದನ್ನು ಆ ಬಾಗಿಲ ಸದ್ದೇ ಹೇಳಿಬಿಡುತ್ತದೆ. ಒಂದು ದಿನ ಬಂಗಲೆಗೆ ಸರ್ಕಸ್ಸಿನವರು ಬರುತ್ತಾರೆ. ಕುದುರೆ ಸವಾರಿ ಮಾಡುವವಳು ಅದೇ ಫೋಟೋದ ಹೆಂಗಸು. ಜೊತೆಗೆ ಒಬ್ಬ ಪುಟ್ಟ ಹುಡುಗ. ಅವನು ಈ ಶ್ರೀಮಂತನದೇ ಮಗ.

1929ರಲ್ಲಿ ಶೇರು ಪೇಟೆ ಬಿದ್ದು ಜಗತ್ತಿನ ದುಡ್ಡೆಲ್ಲ ಮುಳುಗುತ್ತದೆ. ಇದೇ ಹೊತ್ತಿಗೆ ಸಿನಿಮಾಕ್ಕೆ ಮಾತು ಬಂತು. ಎತೆಕ್ಸ್ ಎರಡನ್ನೂ ಒಂದೇ ಗಂಟಿಗೆ ಕಟ್ಟುತ್ತಾರೆ. ಶ್ರೀಮಂತ ಬೀದಿಗೆ ಬೀಳುತ್ತಾನೆ, ಸಿನಿಮಾ ಮಾತಾಡಲು ಶುರು ಮಾಡುತ್ತದೆ, ಅವನು ಹೆಂಡತಿ ಮಗನ ಜೊತೆ ಗಾಡಿ ಹತ್ತಿ ಊರೂರು ಅಲೆಯುವ ಆಟದವನಾಗಿ ಸುಖವಾಗಿರುತ್ತಾನೆ. ದುಡ್ಡಿದ್ದಾಗ ಬಾರದ ಮಾತು ದುಡ್ಡು ಹೋದ ಮೇಲೆ ಬಂತು! ಈ ಒಂದು ಯೋಚನೆಗೇ ನಾನು ಅವರಿಗೆ ಉದ್ದಂಡ ನಮಸ್ಕಾರ ಹಾಕುತ್ತೇನೆ.

ಒಂದು ಊರಿನಲ್ಲಿ ಇವರು ಆಟ ಕಟ್ಟಲು ಹೋದರೆ ಅಲ್ಲಿ ಆಗಲೇ ಬೇರೆಯವರ ಗಾಡಿ ನಿಂತಿರುತ್ತದೆ. ಅದರ ಮೇಲೆ ಜಂಪಾನೋ, ಜೆಲ್ಸೊಮಿನಾ ಅಂತ ಬರೆದಿದೆ. ಇಟಲಿಯ ನಿರ್ದೇಶಕ ಫೆಲಿನಿಯ 'ಲಾ ಸ್ತ್ರಾದಾ' ಸಿನಿಮಾದಲ್ಲಿ ಹೀಗೇ ಊರೂರು ಅಲೆದು ಆಟ ಕಟ್ಟುವ ಜೋಡಿ ಅದು. ಇವರು ಸುಮ್ನೆ ಗಾಡಿ ತಿರುಗಿಸಿಕೊಂಡು ಹೋಗುತ್ತಾರೆ. ಒಬ್ಬ ನಿರ್ದೇಶಕ ಇನ್ನೊಬ್ಬನಿಗೆ ಇಷ್ಟು ಚೆಂದ ಮರ್ಯಾದೆ ಕೊಟ್ಟದ್ದನ್ನು ನಾನು ಬೇರೆಲ್ಲೂ ನೋಡಿಲ್ಲ.

ಮಗ ದೊಡ್ಡವನಾಗಿ ಯೋಯೋ ಎಂಬ ಹೆಸರಾಂತ ಬಫೂನ್ ಆಗುತ್ತಾನೆ. ಅಪ್ಪ, ಮಗ ಎರಡೂ ಪಾತ್ರ ಎತೆಕ್ಸ್ ಅವರದೇ. ಯುದ್ಧ ಬಂದು ಹೋಗುತ್ತದೆ, ಟೀವಿ ಬರುತ್ತದೆ, ಯೋಯೋಗೆ ದುಡ್ಡು ಹೆಸರು ಎಲ್ಲ ಬಂದು, ಅಪ್ಪ ಕಳೆದುಕೊಂಡ ಆ ಬಂಗಲೆಯನ್ನೇ ಮತ್ತೆ ಎತ್ತಿ ನಿಲ್ಲಿಸುತ್ತಾನೆ. ಗೃಹಪ್ರವೇಶದ ಹಾಗೆ ದೊಡ್ಡ ಪಾರ್ಟಿ. ಅಪ್ಪ ಅಮ್ಮ ತಮ್ಮ ಹಳೇ ಗಾಡಿಯಲ್ಲೇ ಬರುತ್ತಾರೆ, ಒಳಗೆ ಮಾತ್ರ ಕಾಲಿಡುವುದಿಲ್ಲ. ಅವರಿಗೆ ಆ ಮನೆ ಏನು ಅಂತ ಗೊತ್ತು. ಯೋಯೋ ಸೂಟು ಬೂಟಿನವರ ಗುಂಪಿನಲ್ಲಿ ಉಸಿರುಕಟ್ಟಿ ನಿಂತಿದ್ದಾಗ ಒಂದು ಆನೆ ಒಳಗೆ ನುಗ್ಗುತ್ತದೆ. ಅದರ ಬೆನ್ನೇರಿ ಹೊರಟುಹೋಗುತ್ತಾನೆ. ಆನೆ ಸೀದಾ ನೀರಿಗಿಳಿಯುತ್ತದೆ.

ಈ ಆನೆಯನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ.

1966ರ 'ತಾಂ ಕೋನ್ ಆ ಲಾ ಸಾಂತೆ' ಬಗ್ಗೆ ಜಾಸ್ತಿ ಹೇಳುವುದಿಲ್ಲ. "ಆರೋಗ್ಯ ಒಂದಿದ್ದರೆ ಸಾಕಪ್ಪ" ಅಂತೀವಲ್ಲ, ಅದೇ ಹೆಸರು. ನಿದ್ದೆ ಬಾರದವನೊಬ್ಬ ರಕ್ತಪಿಶಾಚಿಯ ಕಾದಂಬರಿ ಓದುವುದು, ಟಾಕೀಸಿನಲ್ಲಿ ಸರಿಯಾದ ಸೀಟು ಸಿಗದೆ ಒದ್ದಾಡುವುದು, ರಸ್ತೆ ಅಗೆಯುವ ಸದ್ದಿಗೆ ಊರಿಗೆ ಊರೇ ನಡುಗುವುದು, ಕಾಡಿಗೆ ಪಿಕ್ನಿಕ್ ಹೋದವರ ಪಾಡು. ಮೊದಲು ಬಂದ ರೂಪ ಅವರಿಗೇ ಒಪ್ಪಿಗೆಯಾಗದೆ ಕೆಲವು ವರ್ಷ ಬಿಟ್ಟು ಮತ್ತೆ ಕತ್ತರಿ ಹಿಡಿದು ಬೇರೆ ಥರ ಜೋಡಿಸಿದರು. ಬಿಡಿಬಿಡಿಯಾಗಿ ನೋಡಿದರೆ ಮಜವಾಗಿದೆ. ಒಟ್ಟಿಗೆ ನೋಡಿದರೆ ಎರಡು ಪ್ಲೇಟ್ ಚುರುಮುರಿ ತಿಂದ ಹಾಗೆ, ಹೊಟ್ಟೆ ತುಂಬಿದ್ದೂ ಗೊತ್ತಾಗುವುದಿಲ್ಲ, ತುಂಬದಿದ್ದದ್ದೂ ಗೊತ್ತಾಗುವುದಿಲ್ಲ.

1969ರ 'ಲ ಗ್ರಾಂ ಆಮೂರ್' ಬಣ್ಣದ ಸಿನಿಮಾ. ಮದುವೆಯಾಗಿ, ಮಾವನ ಕಾರ್ಖಾನೆ ನೋಡಿಕೊಂಡು, ಸಣ್ಣ ಊರಿನಲ್ಲಿ ನೆಮ್ಮದಿಯಾಗಿ ಬೇಸರಪಡುತ್ತಿರುವ ಗಂಡಸು. ಆಫೀಸಿಗೆ ಹೊಸ ಹುಡುಗಿ ಬರುತ್ತಾಳೆ. ಮುಂದಿನದು ನಿಮಗೇ ಗೊತ್ತು. ಆದರೆ ಅದನ್ನು ಹೇಳುವ ರೀತಿ ನೋಡಬೇಕು. ಅವನು ಹಾಸಿಗೆಯಲ್ಲಿ ಮಲಗಿ ಕನಸು ಕಾಣುತ್ತಾನೆ. ಮಂಚ ಮೆಲ್ಲಗೆ ಚಲಿಸಿ, ಕೋಣೆಯಿಂದ ಹೊರಬಿದ್ದು, ಹಳ್ಳಿ ರಸ್ತೆಯಲ್ಲಿ ಕಾರಿನ ಹಾಗೆ ಓಡುತ್ತದೆ. ದಾರಿಯಲ್ಲಿ ಬೇರೆ ಮಂಚಗಳೂ ಇವೆ! ಒಂದು ಕೆಟ್ಟು ನಿಂತಿದೆ, ಅದರ ಯಜಮಾನ ಮೈಯೆಲ್ಲ ಗ್ರೀಸ್ ಮಾಡಿಕೊಂಡು ರಿಪೇರಿ ಮಾಡುತ್ತಿದ್ದಾನೆ. ಎಲ್ಲರೂ ಅವರವರ ಕನಸಿನಲ್ಲಿ ಎಲ್ಲಿಗೋ ಹೊರಟವರೇ.

ಇನ್ನೊಂದು ದೃಶ್ಯದಲ್ಲಿ ಇವನು ಪಾರ್ಕಿನಲ್ಲಿ ಯಾರೋ ಹೆಂಗಸಿಗೆ ಟೋಪಿ ಎತ್ತಿ ನಮಸ್ಕಾರ ಮಾಡುತ್ತಾನೆ, ಅಷ್ಟೇ. ಅದನ್ನು ಕಂಡ ಮುದುಕಿ ಇನ್ನೊಬ್ಬಳಿಗೆ ಹೇಳುತ್ತಾಳೆ, ಅವಳು ಮತ್ತೊಬ್ಬಳಿಗೆ. ಪ್ರತಿ ಸಲ ಆ ಘಟನೆಯನ್ನು ತೆರೆ ಮೇಲೆ ಮತ್ತೆ ತೋರಿಸುತ್ತಾರೆ, ಪ್ರತಿ ಸಲವೂ ಒಂದು ಹಿಡಿ ಉಪ್ಪು ಖಾರ ಜಾಸ್ತಿ. ಕಥೆ ಮನೆಗೆ ತಲುಪುವಷ್ಟರಲ್ಲಿ ಟೋಪಿ ಎತ್ತಿದವನು ಮಹಾ ಲಂಪಟ ಆಗಿರುತ್ತಾನೆ. ನಾನು ಬೆಳೆದ ಬೀದಿಯಲ್ಲಿ ಇದು ದಿನಾ ನಡೆಯುತ್ತಿತ್ತು, ಕ್ಯಾಮೆರಾ ಒಂದಿರಲಿಲ್ಲ.

ಈ ಸಿನಿಮಾದಲ್ಲಿ ಹೆಂಡತಿಯ ಪಾತ್ರ ಮಾಡಿದವರು ಆನಿ ಫ್ರಾತೆಲ್ಲಿನಿ. ಅದೇ ವರ್ಷ ಇಬ್ಬರೂ ನಿಜವಾಗಿಯೂ ಮದುವೆಯಾದರು. ಫ್ರಾತೆಲ್ಲಿನಿ ಅಂದರೆ ಅಲ್ಲಿನ ಸರ್ಕಸ್ ಲೋಕದಲ್ಲಿ ಮನೆತನದ ಹೆಸರು. ಮೂವರು ಫ್ರಾತೆಲ್ಲಿನಿ ಸಹೋದರರು ಇಪ್ಪತ್ತನೇ ಶತಮಾನದ ಮೊದಲ ಅರ್ಧದಲ್ಲಿ ಯುರೋಪಿನ ಅತಿ ಹೆಸರಾಂತ ಬಫೂನ್‌ಗಳು. ಅವರಲ್ಲಿ ಪೋಲ್ ಎಂಬವರ ಮೊಮ್ಮಗಳು ಈ ಆನಿ.

ಆಮೇಲೆ ಎಡವಟ್ಟಾಯಿತು. 1968ರಲ್ಲಿ ಫ್ರಾನ್ಸಿನಲ್ಲಿ ವಿದ್ಯಾರ್ಥಿಗಳು, ಕಾರ್ಮಿಕರು ಬೀದಿಗಿಳಿದು ಎಬ್ಬಿಸಿದ ಗಲಾಟೆಗಳ ಮರುವರ್ಷದ ಬೇಸಿಗೆಯಲ್ಲಿ ಎತೆಕ್ಸ್ ಕ್ಯಾಮೆರಾ ಹೊತ್ತು, ಊರೂರಿನಲ್ಲಿ ಹಾಡಿನ ಸ್ಪರ್ಧೆ ನಡೆಸುತ್ತಿದ್ದ ಒಂದು ರೇಡಿಯೋ ತಂಡದ ಹಿಂದೆ ಹೊರಟರು. ರಜೆಗೆ ಬಂದ ಜನ, ಕಡಲತೀರ, ಟೆಂಟುಗಳು, ಸ್ವರ ತಪ್ಪಿ ಹಾಡುವವರು, ಜಾಹೀರಾತಿನಿಂದ ಚಂದ್ರನವರೆಗೆ ಯಾವುದರ ಬಗ್ಗೆ ಕೇಳಿದರೂ ಉತ್ತರ ಇಟ್ಟುಕೊಂಡವರು. ಅದನ್ನೆಲ್ಲ ಜೋಡಿಸಿ 1971ರಲ್ಲಿ 'ಪೇಯಿ ದ ಕೊಕಾನ್' ಎಂಬ ಸಾಕ್ಷ್ಯಚಿತ್ರ ಬಿಟ್ಟರು. ಹಾಲು ಜೇನು ಹರಿಯುವ ನಾಡು ಅಂತ ಹೆಸರಿನ ಅರ್ಥ. ಇಷ್ಟು ದಿನ ತನ್ನನ್ನೇ ನಗೆಪಾಟಲು ಮಾಡಿಕೊಂಡು ನಗಿಸಿದ ಮನುಷ್ಯ ಈಗ ಎದುರು ಕೂತ ಪ್ರೇಕ್ಷಕರ ಮುಖಕ್ಕೇ ಕನ್ನಡಿ ಹಿಡಿದ. ಯಾರಿಗೆ ಇಷ್ಟವಾಗುತ್ತದೆ? ವಿಮರ್ಶಕರು ಜನರನ್ನು ಕೀಳಾಗಿ ಕಂಡಿದ್ದಾರೆ ಅಂತ ಹರಿಹಾಯ್ದರು. ನನ್ನನ್ನು ಕೇಳಿದರೆ ಆ ಮಾತು ಪೂರ್ತಿ ಅನ್ಯಾಯವೂ ಅಲ್ಲ. ಅಲ್ಲಲ್ಲಿ ಕ್ಯಾಮೆರಾಕ್ಕೆ ಜನರ ಹೊಟ್ಟೆ, ತೊಡೆ, ಬಾಯಿ ಇವೇ ಜಾಸ್ತಿ ಕಾಣುತ್ತವೆ. ಯೋಯೋ ಮಾಡಿದ ಕೈ ಇದೇನಾ ಅನ್ನಿಸುತ್ತದೆ. ಅಲ್ಲಿಂದ ಮುಂದೆ ಅವರ ಸಿನಿಮಾಕ್ಕೆ ದುಡ್ಡು ಹಾಕುವವರು ಸಿಗಲಿಲ್ಲ.

ಇಲ್ಲಿಗೆ ಎಲ್ಲರೂ "ಛೆ ಪಾಪ" ಅನ್ನುತ್ತಾರೆ. ನಾನೂ ಮೊದಲು ಹಾಗೇ ಅಂದುಕೊಂಡಿದ್ದೆ. ಹತ್ತು ವರ್ಷ, ಐದು ದೊಡ್ಡ ಸಿನಿಮಾ, ಒಂದು ಆಸ್ಕರ್, ಆಮೇಲೆ ಕತ್ತಲೆ ಅಂತ. ಆದರೆ ಆನೆ ನೆನಪಿದೆಯಾ? ಬಂಗಲೆ ಬಿಟ್ಟು ಆನೆ ಹತ್ತಿ ಹೋದವನ ಕಥೆಯನ್ನು ಅವರು 1965ರಲ್ಲೇ ಮಾಡಿ ಇಟ್ಟಿದ್ದರು.

ಎತೆಕ್ಸ್ ಸರ್ಕಸ್ಸಿಗೆ ಹೋದರು. ಅತಿಥಿಯಾಗಿ ಅಲ್ಲ, ಮುಖಕ್ಕೆ ಬಣ್ಣ ಬಳಿದುಕೊಂಡು. ಯುರೋಪಿನ ಸರ್ಕಸ್ಸಿನಲ್ಲಿ ಬಫೂನ್ ಜೋಡಿ ಅಂದರೆ ಒಬ್ಬ ಬಿಳಿ ಮುಖದವನು, ಒಬ್ಬ ಕೆಂಪು ಮೂಗಿನವನು. ಬಿಳಿ ಮುಖದವನು ಮಿನುಗು ಬಟ್ಟೆ ಹಾಕಿಕೊಂಡು ಮೇಷ್ಟರ ಹಾಗೆ ಗತ್ತಿನಲ್ಲಿರುತ್ತಾನೆ. ಕೆಂಪು ಮೂಗಿನವನು ದೊಗಳೆ ಬಟ್ಟೆ, ದೊಡ್ಡ ಬೂಟು, ಮಾಡಿದ್ದೆಲ್ಲ ಅಧ್ವಾನ. ನಗು ಬರುವುದು ಇವನಿಗೆ, ಚಪ್ಪಾಳೆಯೂ ಇವನಿಗೆ. ಹಿಂದಿನಿಂದ ಈ ಕೆಂಪು ಮೂಗು ಗಂಡಸರ ಸೊತ್ತು. ಈ ಜೋಡಿಯಲ್ಲಿ ಅದನ್ನು ಹಾಕಿಕೊಂಡವರು ಆನಿ. ಆಸ್ಕರ್ ಗೆದ್ದ ಗಂಡ ಪಕ್ಕದಲ್ಲಿ ಬಿಳಿ ಮುಖ ಮಾಡಿಕೊಂಡು, ಅವಳಿಗೆ ಚಪ್ಪಾಳೆ ಬೀಳುವ ಹಾಗೆ ಸರಿಯಾದ ಹೊತ್ತಿಗೆ ಗದರಿಸುತ್ತಾ ನಿಂತರು. ನಾಯಕನಾಗಿ ನಾಲ್ಕು ಸಿನಿಮಾ ಮಾಡಿದವರು ಇದನ್ನು ಮಾಡಬೇಕಾದರೆ ಮನಸ್ಸಿಗೆ ಖುಷಿ ಇರಲೇಬೇಕು, ಬರೀ ಹೊಟ್ಟೆಪಾಡಿಗೆ ಆಗುವ ಕೆಲಸವಲ್ಲ.

1974ರಲ್ಲಿ ಇಬ್ಬರೂ ಸೇರಿ ಸರ್ಕಸ್ ಶಾಲೆ ತೆರೆದರು. ಅಲ್ಲಿಯವರೆಗೆ ಸರ್ಕಸ್ ವಿದ್ಯೆ ಅಪ್ಪನಿಂದ ಮಗನಿಗೆ, ಗುಡಾರದೊಳಗೇ ಹೋಗುತ್ತಿದ್ದದ್ದು. ಸರ್ಕಸ್ ಮನೆತನದವರೇ ಆದ ಆನಿ, ಹೊರಗಿನಿಂದ ಬಂದ ಎತೆಕ್ಸ್, ಇಬ್ಬರೂ ಸೇರಿ ಯಾರ ಮಕ್ಕಳಾದರೂ ಬಂದು ಕಲಿಯಲಿ ಅಂದರು. ಫ್ರಾನ್ಸಿನಲ್ಲಿ ಇಂಥ ಶಾಲೆಗಳು ಶುರುವಾದದ್ದೇ ಆ ವರ್ಷ. ಈಗ ಅಲ್ಲಿ ಪ್ರಾಣಿಗಳಿಲ್ಲದ, ನಾಟಕ ನೃತ್ಯ ಎಲ್ಲ ಬೆರೆತ ಹೊಸ ಬಗೆಯ ಸರ್ಕಸ್ ಇಷ್ಟು ಬೆಳೆದಿದೆ ಅಂದರೆ ಅದರ ಬೇರಿನಲ್ಲಿ ಈ ಶಾಲೆಯೂ ಇದೆ.

ನಡುವೆ ಸಿನಿಮಾದವರು ಕರೆದಾಗ ಹೋಗಿ ಸಣ್ಣಪುಟ್ಟ ಪಾತ್ರ ಮಾಡಿ ಬರುತ್ತಿದ್ದರು. ಈ ಪಟ್ಟಿ ವಿಚಿತ್ರವಾಗಿದೆ. 1959ರಷ್ಟು ಹಿಂದೆಯೇ ಫ್ರಾನ್ಸಿನ ನಿರ್ದೇಶಕ ಬ್ರೆಸೋಂ ಅವರ 'ಪಿಕ್‌ಪಾಕೆಟ್'ನಲ್ಲಿ ಜೇಬುಗಳ್ಳರ ಜೊತೆಗಾರ. 1970ರಲ್ಲಿ ಫೆಲಿನಿ ಬಫೂನ್‌ಗಳ ಬಗ್ಗೆ ಮಾಡಿದ ಚಿತ್ರದಲ್ಲಿ ತಾವಾಗಿಯೇ ಕಾಣಿಸಿಕೊಂಡಿದ್ದಾರೆ. ಅದರಲ್ಲಿ ಫ್ರಾತೆಲ್ಲಿನಿ ಸಹೋದರರ ಹಳೇ ಫಿಲಂ ತೋರಿಸಲು ಹೋದರೆ ಅದು ಪ್ರೊಜೆಕ್ಟರಿನಲ್ಲೇ ಸುಟ್ಟುಹೋಗುತ್ತದೆ. ಅಮೆರಿಕದ ಹಾಸ್ಯನಟ, ನಿರ್ದೇಶಕ ಜೆರ್ರಿ ಲೂಯಿಸ್ ಇವರ ದೊಡ್ಡ ಅಭಿಮಾನಿ, ಗೆಳೆಯ. 1972ರಲ್ಲಿ ಅವರು ಶುರು ಮಾಡಿದ 'ದಿ ಡೇ ದ ಕ್ಲೌನ್ ಕ್ರೈಡ್'ನಲ್ಲೂ ಇವರಿದ್ದರು. ಅದು ಹಕ್ಕಿನ ತಕರಾರಿನಲ್ಲಿ ಸಿಕ್ಕಿ ಬಿಡುಗಡೆಯೇ ಆಗಲಿಲ್ಲ. ಈ ಮನುಷ್ಯನ ಜಾತಕದಲ್ಲೇ ಫಿಲಂ ರೀ‌ಲುಗಳಿಗೆ ಶನಿಕಾಟ ಇತ್ತೋ ಏನೋ.

ಈಗ ಆ ಬೀಗದ ಕಥೆ. ಸಿನಿಮಾಗಳು ವರ್ಷಗಟ್ಟಲೆ ಎಲ್ಲೂ ಪ್ರದರ್ಶನವಾಗದೆ ಬಿದ್ದಿದ್ದವು. 2004ರಲ್ಲಿ ಎತೆಕ್ಸ್, ಕಾರಿಯೇರ್ ಇಬ್ಬರೂ ಒಂದು ಕಂಪನಿಯ ಜೊತೆ ಒಪ್ಪಂದ ಮಾಡಿಕೊಂಡರು, ಇನ್ನಾದರೂ ಜನ ನೋಡಲಿ ಅಂತ. ಉಲ್ಟಾ ಆಯಿತು. ಸಿನಿಮಾ ಹೊರಗೂ ಬರಲಿಲ್ಲ, ಮಾಡಿದವರ ಕೈಗೂ ಸಿಗಲಿಲ್ಲ. ಎಂಬತ್ತರ ಹತ್ತಿರ ಬಂದ ಮನುಷ್ಯ ತನ್ನದೇ ಸಿನಿಮಾ ತೋರಿಸಲು ಕೋರ್ಟಿಗೆ ಅಲೆಯಬೇಕಾಯಿತು. ಆಗ ಒಂದು ಮನವಿ ಹೊರಟಿತು, 50 ಸಾವಿರಕ್ಕಿಂತ ಜಾಸ್ತಿ ಜನ ಸಹಿ ಹಾಕಿದರು. 2009ರಲ್ಲಿ ಪ್ಯಾರಿಸ್ಸಿನ ಕೋರ್ಟು ಇವರ ಪರ ತೀರ್ಪು ಕೊಟ್ಟಿತು. ಮರುವರ್ಷವೇ ಎಲ್ಲ ಸಿನಿಮಾಗಳನ್ನೂ ತೊಳೆದು ಒರೆಸಿ ಹೊಸದು ಮಾಡಿ ಬಿಟ್ಟರು. 'ಲ ಗ್ರಾಂ ಆಮೂರ್' ಕಾನ್ ಚಿತ್ರೋತ್ಸವದಲ್ಲಿ ಮತ್ತೆ ತೆರೆ ಕಂಡಿತು. 1969ರಲ್ಲಿ ಅದೇ ಕಾನ್‌ನಲ್ಲಿ ಸ್ಪರ್ಧೆಯಲ್ಲಿದ್ದ ಸಿನಿಮಾ ಅದು. ಆನಿ ಇದನ್ನು ನೋಡಲು ಇರಲಿಲ್ಲ, 1997ರಲ್ಲೇ ತೀರಿಕೊಂಡಿದ್ದರು.

ಹಾಗಾಗಿ ದೊಡ್ಡಪ್ಪ, ನಾವು ಹೆಸರು ಕೇಳದಿರುವುದಕ್ಕೆ ಒಂದಲ್ಲ, ಮೂರು ಕಾರಣ ಇದೆ. ತಾತಿಯ ನೆರಳು, ಕೋರ್ಟಿನ ಬೀಗ ಎರಡಾಯಿತು. ಮೂರನೆಯದು, ಅವರು ನೆನಪಿನಲ್ಲಿ ಉಳಿಯದ ಜಾಗಕ್ಕೆ ಹೋಗಿ ಕೂತರು. ಸರ್ಕಸ್ಸಿನಲ್ಲಿ ಒಂದು ಸಂಜೆ ಮಾಡಿದ ಆಟ ಆ ಸಂಜೆ ಗುಡಾರದಲ್ಲಿದ್ದವರಿಗೆ ಮಾತ್ರ. ಅವರು ಅತಿ ಚೆನ್ನಾಗಿ ಮಾಡಿದ ಕೆಲಸದಲ್ಲಿ ಅರ್ಧ ಭಾಗ ಯಾವ ರೀಲಿನಲ್ಲೂ ಇಲ್ಲ.

ಕೊನೆಯ ವರ್ಷಗಳಲ್ಲೂ ಕರೆದವರಿಗೆ ಇಲ್ಲ ಅನ್ನಲಿಲ್ಲ. ಫಿನ್ಲೆಂಡಿನ ಕೌರಿಸ್ಮಾಕಿ 2011ರಲ್ಲಿ ಮಾಡಿದ 'ಲ ಆವ್ರ್' ಸಿನಿಮಾದಲ್ಲಿ ಆಸ್ಪತ್ರೆಯ ಡಾಕ್ಟರ್ ಇವರೇ. ರೋಗಿಗೆ ವಾಸಿಯಾಗದ ಕಾಯಿಲೆ ಇದೆ ಅಂತ ತಿಳಿಸುವ ಪಾತ್ರ. ಅಷ್ಟು ಹೊತ್ತಿಗೆ ಎಂಬತ್ತು ದಾಟಿತ್ತು. ಮುಖ ಅದೇ, ನಗುವೂ ಇಲ್ಲ, ಅಳುವೂ ಇಲ್ಲ. 2016ರ ಅಕ್ಟೋಬರಿನಲ್ಲಿ ಪ್ಯಾರಿಸ್ಸಿನಲ್ಲಿ ತೀರಿಕೊಂಡರು.

ಇಷ್ಟು ಓದಿದವರು ಮೂರನೇ ಪ್ರಶ್ನೆ ಕೇಳುತ್ತಾರೆ, ಯಾವುದರಿಂದ ಶುರು ಮಾಡಲಿ ಅಂತ. ಮೊದಲು 'ಓರೋ ಆನಿವೆರ್ಸೇರ್', ಕಾಫಿ ಕುಡಿದು ಮುಗಿಸುವಷ್ಟರಲ್ಲಿ ಆಗುತ್ತದೆ. ಆಮೇಲೆ ಒಂದು ರಾತ್ರಿ ಫೋನ್ ಪಕ್ಕಕ್ಕಿಟ್ಟು 'ಯೋಯೋ'. ಸಬ್‌ಟೈಟಲ್ ಇಲ್ಲದಿದ್ದರೂ ನಡೆಯುತ್ತದೆ. ಅದಾದ ಮೇಲೆ ಮಂಚದ ಕನಸು. 'ಪೇಯಿ ದ ಕೊಕಾನ್' ಮಾತ್ರ ಎಲ್ಲ ಮುಗಿದ ಮೇಲೆ ನೋಡಿ. ಅದೊಂದನ್ನು ನಾನು ಅಮ್ಮನಿಗೆ ಇನ್ನೂ ತೋರಿಸಿಲ್ಲ.